ಕೊಸರು

ಗಂಡಸು ಸತ್ತರೆ ನೂರು ಒಂಟೆ,
ಹೆಂಗಸು ಸತ್ತರೆ ಐವತ್ತು.
ಮಗ್ ಅನ್ನುತ್ತಾರೆ ನಮ್ಮ ಬುರಾವೋದಲ್ಲಿ ಈ ಋಣಕ್ಕೆ.
ಮಗ್ಗಿಯ ಹಾಗೆ, ಶಾಲೆಯ ಮೆಟ್ಟಿಲು ಹತ್ತದವರಿಗೂ
ಬಾಯಿಪಾಠ.

ಅವ್ವ ಸತ್ತದ್ದು ಬೆರ್ಬೆರಾ ರಸ್ತೆಯಲ್ಲಿ, ನಸುಕಿಗೆ,
ಹಾಲಿನ ಕ್ಯಾನು ಇಳಿಸಿಕೊಳ್ಳುವಾಗ.
ಸಿಮೆಂಟು ಹೇರಿದ ಲಾರಿ.
ಓಡಿಸುತ್ತಿದ್ದವನು ಗುಲೇದ್, ಮೀಸೆ ಇನ್ನೂ ಕೂಡಿಲ್ಲ.
ಒಂದೇ ದೀಪ ಉರಿಯುತ್ತಿತ್ತಂತೆ.
ಬೈಕು ಅಂದುಕೊಂಡಳೇನೋ,
ಸರಿದು ನಿಂತದ್ದು ಬೈಕಿಗೆ ಸಾಕಾಗುವಷ್ಟೇ ಜಾಗ ಬಿಟ್ಟು.

ಜಾಲಿಯ ಬುಡದಲ್ಲಿ ಮೂರು ದಿನ ಕೂತರು ಹಿರಿಯರು.
ನೆರಳು ಸರಿದಂತೆ ಚಾಪೆಯೂ ಸರಿಯಿತು.
ಅವರ ಕಡೆಯ ಹನ್ನೆರಡು ಗಡ್ಡ, ನಮ್ಮ ಕಡೆಯ ಹನ್ನೆರಡು.
ಚಹಾದ ಲೋಟ ಎಣಿಸಿ ಕೊಟ್ಟೆ, ಎಣಿಸಿ ತಂದೆ.
ಹುಡುಗ ಜೈಲಿನಲ್ಲಿ ಕೊಳೆಯಬಾರದು,
ಎರಡು ಕುಲದ ನಡುವೆ ಬಂದೂಕು ಏಳಬಾರದು ಅಂದರು.
ಹೌದು, ಅದೂ ಸರಿಯೇ.

ಒಂಟೆ ಅಂದರೆ ಒಂಟೆಯಲ್ಲ.
ಮಾತಿನ ಒಂಟೆ, ಅದಕ್ಕೊಂದು ಮಾತಿನ ದರ.
ಸಂತೆಯಲ್ಲಿ ಆ ದುಡ್ಡಿಗೆ ಕುಂಟು ಮರಿಯೂ ಬಾರದು.
ಅವ್ವ ಇದ್ದಿದ್ದರೆ ಸೆರಗು ಕೊಡವಿ ಎದ್ದು
ಕೇಳಿಯೇ ಬಿಡುತ್ತಿದ್ದಳು:
ಐವತ್ತರಲ್ಲಿ ಹಾಲು ಕರೆಯುವವು ಎಷ್ಟಪ್ಪಾ, ಗೊಡ್ಡು ಎಷ್ಟು?

ಆಮೇಲೆ ದುಡ್ಡು ಬರತೊಡಗಿತು
ಸೋದರಮಾವ ದಾಹಿರನ ಫೋನಿಗೆ.
ಗುಲೇದನ ಕುಲದಲ್ಲಿ ಗಂಡು ತಲೆಗಿಷ್ಟು:
ಕಟುಕ, ಕುರಾನಿನ ಮೇಷ್ಟ್ರು,
ನಾರ್ವೆಯ ಹಿಮದಲ್ಲಿ ಬಸ್ಸು ಓಡಿಸುವವನೊಬ್ಬ,
ಮೊನ್ನೆ ಹುಟ್ಟಿದ ಕೂಸಿನ ಹೆಸರಲ್ಲೂ ಒಂದು ಪಾಲು.
ರಾತ್ರಿಯೆಲ್ಲಾ ಟಿಣ್, ಟಿಣ್.
ಗೋಡೆಗೆ ಮುಖ ಮಾಡಿ ಮಲಗಿ ಲೆಕ್ಕ ಹಾಕಿದೆ:
ಇದು ಅವ್ವನ ಕಿರುಬೆರಳು,
ಇದು ಹಿಮ್ಮಡಿಯ ಬಿರುಕು,
ಇದು ಕ್ಯಾನು ಹೊತ್ತು ಹೊತ್ತು ತಗ್ಗು ಬಿದ್ದ ಹೆಗಲು.
ಹೆಗಲಿಗೆ ನಾಲ್ಕು ಡಾಲರು ಬಂತು.

ಬೇಡ ಅನ್ನಲಿಲ್ಲ ನಾನು.
ಮಾವಂದಿರ ಪಾಲು ಕಳೆದು ಕೈಗೆ ಬಂದದ್ದರಲ್ಲಿ
ತಂಗಿಯ ಫೀಜು ಕಟ್ಟಿದೆ,
ಎರಡು ಹೊಸ ಕ್ಯಾನು ತಂದೆ, ಮಾಡಿಗೆ ತಗಡು ಹೊದೆಸಿದೆ.
ಮೊದಲ ಮಳೆಗೆ ಇಲ್ಹಾನ್ ಎದ್ದು ಕೂತಳು,
ಅವ್ವ ಮೇಲೆ ಓಡಾಡುತ್ತಿದ್ದಾಳೆ ಅಂದಳು.
ತಗಡು ಕಣೇ, ಮಲಗು ಅಂದೆ.
ನಿದ್ದೆ ಬಾರದ್ದು ನನಗೆ.

ಅವ್ವನದೊಂದು ಚಾಳಿಯಿತ್ತು.
ಅಳೆದು ಮುಗಿದ ಮೇಲೆ ಇನ್ನೊಂದು ಸುರಿ ಹಾಕುವುದು,
ಯಾರೇ ಇರಲಿ, ಬೈದುಕೊಂಡು ಹೋದವರೇ ಮತ್ತೆ ಬರಲಿ.
ಕೊಸರಿಲ್ಲದ ಹಾಲು ಕದ್ದ ಹಾಲು ಅನ್ನುತ್ತಿದ್ದಳು.
ಐವತ್ತರ ಮೇಲೆ ಕೊಸರು
ಅವರು ಕೊಡಲಿಲ್ಲ, ನಮ್ಮವರು ಕೇಳಲಿಲ್ಲ.
ಒಂದು ಮಾತು, ಒಂದು ಬಿಕ್ಕು,
ಅದಕ್ಕೆ ದರ ಕಟ್ಟಿದವರಿಲ್ಲ.

ಪಾಲಿನ ಪಟ್ಟಿಯಲ್ಲಿ ಹೆಂಗಸರ ಹೆಸರು ಬರೆಯುವುದಿಲ್ಲ.
ಆದರೂ ಬರುತ್ತಾಳೆ ಒಬ್ಬಳು, ದಿನಾ ನಸುಕಿಗೆ,
ಊರಿನ ಆ ತುದಿಯಿಂದ,
ಏಳು ಹಾಲಿನಂಗಡಿ ದಾಟಿ.
ಹೆಸರು ಹೇಳಲಿಲ್ಲ. ಕೇಳಲಿಲ್ಲ.
ಗಲ್ಲ ನೋಡಿದರೆ ಸಾಕು, ಆ ಹುಡುಗನದೇ ಗಲ್ಲ.
ಒಂದು ಲೀಟರು ಅನ್ನುತ್ತಾಳೆ, ನೆಲಕ್ಕೆ ಹೇಳುವ ಹಾಗೆ.

ಮೊದಲ ದಿನ ಗೆರೆಗೆ ಸರಿಯಾಗಿ ಅಳೆದೆ,
ಒಂದು ಹನಿ ಅತ್ತಿಲ್ಲ, ಇತ್ತಿಲ್ಲ.
ಪಾತ್ರೆ ಹಿಂದಕ್ಕೆ ತೆಗೆಯಲೇ ಇಲ್ಲ ಅವಳು,
ಚಾಚಿಕೊಂಡೇ ನಿಂತಳು,
ಹಿಂದಿನವರು ಗೊಣಗುವ ತನಕ.
ಹೀಗೇ ಎಷ್ಟು ದಿನ, ಎಣಿಸಿಲ್ಲ.

ಇವತ್ತು ಗೆರೆ ದಾಟಿತು ಹಾಲು.
ಕೈ ಜಾರಿತೋ, ಜಾರಿಸಿದೆನೋ.
ಕ್ಷಮೆ ಗಿಮೆ ಅಂತ ಯಾರೂ ಹೇಳಿಕೊಂಡು ತಿರುಗಬೇಡಿ.
ಅದು ಅವ್ವನ ಅಳತೆ ಡಬ್ಬಿ,
ಅದಕ್ಕೆ ಹಾಗೇ ಅಭ್ಯಾಸ.

ಅವಳು ಮುಚ್ಚಳ ಹಾಕುತ್ತಿದ್ದಳು.
ರಸ್ತೆಯಲ್ಲೊಂದು ಲಾರಿ ಬಂತು.
ಇಬ್ಬರೂ ತಲೆಯೆತ್ತಿ
ದೀಪ ಎಣಿಸಿದೆವು.